ಸ್ಕ್ರೈಬ್ ಆಗುವವರಿಗೆ ನಾನು ಓದಿಸುವ ಆತ್ಮಕಥೆ

ಅಂಧ ವಿದ್ಯಾರ್ಥಿಗಳು ಹೇಳಿದ ಉತ್ತರವನ್ನು ಪರೀಕ್ಷೆಯಲ್ಲಿ ಬರೆದುಕೊಡುವ ಸ್ಕ್ರೈಬ್‌ಗಳನ್ನು ಗೊತ್ತುಮಾಡಿ, ಅವರನ್ನು ಆ ಕೆಲಸಕ್ಕೆ ಅಣಿಗೊಳಿಸುವುದು ನಮ್ಮ ಪದವಿ ಕಾಲೇಜಿನಲ್ಲಿ ನನಗೆ ವಹಿಸಿರುವ ಹೊಣೆ. ಈ ಕೆಲಸಕ್ಕೆ ಬರುವವರಲ್ಲಿ ಹೆಚ್ಚಿನವರು ಪಿಯುಸಿ ಓದುತ್ತಿರುವ ಹುಡುಗ ಹುಡುಗಿಯರು. ನಿಯಮಗಳ ಪ್ರತಿಯನ್ನು ಕೈಗೆ ಕೊಡುವುದಕ್ಕೆ ಮೊದಲು, ಕಣ್ಣೂ ಕಾಣದ, ಕಿವಿಯೂ ಕೇಳದ ಹೆಲನ್ ಕೆಲ್ಲರ್ ಅವರ, 1903ರಲ್ಲಿ ಪ್ರಕಟವಾದ ಆತ್ಮಕಥೆಯಿಂದ ಕೆಲವು ಅಧ್ಯಾಯಗಳನ್ನು ನಾನು ಅವರಿಗೆ ಓದಿಸುತ್ತೇನೆ.

1887ರಲ್ಲಿ ಅಮೆರಿಕದ ಅಲಬಾಮಾದ ಟಸ್ಕಂಬಿಯಾದಲ್ಲಿ, ಕೈಮೇಲೆ ಹರಿಯುವ ನೀರಿಗೂ ಅಂಗೈಯಲ್ಲಿ ಮೂಡುವ ಅಕ್ಷರಗಳಿಗೂ ಇರುವ ನಂಟು ಹೆಲನ್‌ಗೆ ಹೊಳೆದ ಪ್ರಸಂಗವನ್ನು ಎಲ್ಲರೂ ಬಲ್ಲರು. ನಮ್ಮ ಕೆಲಸಕ್ಕೆ ಹೆಚ್ಚು ಒದಗುವುದು ಅದರ ಮುಂದಿನ, ಅಷ್ಟಾಗಿ ಯಾರೂ ನೆನೆಯದ ಕಾಲೇಜಿನ ಅಧ್ಯಾಯಗಳು. 1900ರಲ್ಲಿ ರ‍್ಯಾಡ್‌ಕ್ಲಿಫ್ ಕಾಲೇಜು ಸೇರಿದ ಹೆಲನ್ ಅವರ ಪಕ್ಕದಲ್ಲಿ ಕುಳಿತು, ಅವರ ಶಿಕ್ಷಕಿ ಆ್ಯನ್ ಸಲಿವನ್ ಪ್ರತಿಯೊಂದು ಉಪನ್ಯಾಸವನ್ನೂ ಬೆರಳಕ್ಷರಗಳಲ್ಲಿ ಅವರ ಅಂಗೈಗೆ ದಾಟಿಸುತ್ತಿದ್ದರು. ಕೇಳುವ ಕೆಲಸವನ್ನು ಕೈಗಳೇ ಮಾಡಬೇಕಾಗಿದ್ದುದರಿಂದ ತರಗತಿಯಲ್ಲಿ ಟಿಪ್ಪಣಿ ಬರೆದುಕೊಳ್ಳುವುದು ಹೆಲನ್ ಅವರಿಗೆ ಸಾಧ್ಯವಿರಲಿಲ್ಲ. ಮನೆಗೆ ಬಂದು, ನೆನಪಿನಲ್ಲಿ ಉಳಿದುದನ್ನಷ್ಟೇ ಬರೆದಿಟ್ಟುಕೊಳ್ಳುತ್ತಿದ್ದರು. ಬ್ರೈಲ್‌ನಲ್ಲಿ ಸಿಗದ ಪುಸ್ತಕಗಳನ್ನೂ ಆ್ಯನ್ ಅವರೇ ಓದಿ ದಾಟಿಸಬೇಕಾಗಿತ್ತು, ಅದೂ ಟ್ರಕೋಮಾ ರೋಗದಿಂದ ಬಾಲ್ಯದಲ್ಲೇ ಕೆಟ್ಟಿದ್ದ ತಮ್ಮ ದುರ್ಬಲ ಕಣ್ಣುಗಳಿಂದ. ಟ್ಯೂಕ್ಸ್‌ಬರಿಯ ಬಡವರ ಆಶ್ರಯಾಲಯದಲ್ಲಿ ಆ್ಯನ್ ಅವರ ಪುಟ್ಟ ತಮ್ಮ ತೀರಿಕೊಂಡ ಸಂಗತಿ ಈ ಪುಸ್ತಕದಲ್ಲಿಲ್ಲ. ಅದನ್ನು ನಾನು ಬೇರೆಯಾಗಿ ಹೇಳುತ್ತೇನೆ, ಏಕೆಂದರೆ ಗೆಳೆತನದಲ್ಲಿ ಕಷ್ಟ ಒಬ್ಬರದು, ನೆರವು ಇನ್ನೊಬ್ಬರದು ಎಂಬ ಲೆಕ್ಕಾಚಾರವಿಲ್ಲ ಎಂಬುದು ನನ್ನ ನಂಬಿಕೆ.

ನಾವು ಅತಿ ಹೆಚ್ಚು ಹೊತ್ತು ನಿಲ್ಲುವುದು 1899ರ ಪ್ರವೇಶ ಪರೀಕ್ಷೆಯ ಭಾಗದಲ್ಲಿ. ಪ್ರಶ್ನೆಪತ್ರಿಕೆಯನ್ನು ಆ್ಯನ್ ಓದಿ ಹೇಳುವುದಕ್ಕೆ ಕಾಲೇಜಿನವರು ಒಪ್ಪಲಿಲ್ಲ. ಅದನ್ನು ಬ್ರೈಲ್‌ಗೆ ಇಳಿಸಲು ಹೆಲನ್‌ಗೆ ಪರಿಚಯವಿಲ್ಲದ ಒಬ್ಬ ಅಧ್ಯಾಪಕರನ್ನು ನೇಮಿಸಲಾಯಿತು. ಭಾಷೆಗಳ ಪತ್ರಿಕೆಗಳಲ್ಲಿ ತೊಡಕಾಗಲಿಲ್ಲ. ಆದರೆ ಬೀಜಗಣಿತದ ಮಾದರಿ ಪತ್ರಿಕೆ ಪರೀಕ್ಷೆಗೆ ಎರಡು ದಿನ ಇರುವಾಗ ಕೈಸೇರಿತು, ಮತ್ತು ಅದರಲ್ಲಿದ್ದ ಗಣಿತ ಸಂಕೇತಗಳು ಹೆಲನ್ ಕಲಿತವುಗಳಾಗಿರಲಿಲ್ಲ. ಪರೀಕ್ಷೆಯ ಹಿಂದಿನ ರಾತ್ರಿಯೂ ಅವರು ಆವರಣ ಚಿಹ್ನೆಗಳನ್ನೂ ವರ್ಗಮೂಲದ ಚಿಹ್ನೆಯನ್ನೂ ಬೇರ್ಪಡಿಸಲಾಗದೆ ಒದ್ದಾಡುತ್ತಿದ್ದರು. ಬೀಜಗಣಿತ ಅವರಿಗೆ ಬರುತ್ತಿತ್ತು. ಅಡ್ಡ ಬಂದದ್ದು ಪ್ರಶ್ನೆ ಅವರನ್ನು ತಲುಪಿದ ರೀತಿ.

ಅಂಗವಿಕಲ ಅಭ್ಯರ್ಥಿಗಳ ಲಿಖಿತ ಪರೀಕ್ಷೆಗೆಂದು ನಮ್ಮ ದೇಶದಲ್ಲಿ ಹೊರಟ 2018ರ ಮಾರ್ಗಸೂಚಿಯಲ್ಲಿ, ಪರೀಕ್ಷಾ ಮಂಡಳಿಯೇ ಸ್ಕ್ರೈಬ್ ಒದಗಿಸಿದಾಗ ಅಭ್ಯರ್ಥಿಯು ಅವರನ್ನು ಎರಡು ದಿನ ಮುಂಚೆ ಭೇಟಿಯಾಗಿ ಪರಿಶೀಲಿಸಲು ಅವಕಾಶವಿರಬೇಕೆಂಬ ಮಾತಿತ್ತು. ಗಂಟೆಗೆ ಕನಿಷ್ಠ 20 ನಿಮಿಷದ ಹೆಚ್ಚುವರಿ ಸಮಯದ ವಿಚಾರ ಎಲ್ಲರಿಗೂ ತಿಳಿದಿರುತ್ತದೆ, ಈ ಭೇಟಿಯ ಮಾತನ್ನು ಮಾತ್ರ ಹಲವರು ಗಮನಿಸಿರುವುದಿಲ್ಲ. ಹೆಲನ್ ಅವರ ಆ ರಾತ್ರಿಯನ್ನು ಓದಿದ ಹುಡುಗರಿಗೆ ಇದರ ಅಗತ್ಯವನ್ನು ನಾನು ವಿವರಿಸಬೇಕಾಗಿಯೇ ಬರುವುದಿಲ್ಲ. ಹಳೆಯ ಪ್ರಶ್ನೆಪತ್ರಿಕೆಯೊಂದನ್ನು ಹಿಡಿದು ಅವರು ತಾವಾಗಿಯೇ ಕುಳಿತುಕೊಳ್ಳುತ್ತಾರೆ. ಅರ್ಥಶಾಸ್ತ್ರದ ಬೇಡಿಕೆ ರೇಖೆಯನ್ನು ಮಾತಿನಲ್ಲಿ ಹೇಗೆ ಹೇಳುವುದು, ಉಪಪ್ರಶ್ನೆಯ ಅಂಕಗಳನ್ನು ಮೊದಲು ಓದಬೇಕೇ ಕೊನೆಗೆ ಓದಬೇಕೇ ಎಂಬುದನ್ನೆಲ್ಲ ಕೇಳಿ ತಿಳಿಯುತ್ತಾರೆ. "ಅಕ್ಕಾ, ನಾನು ಓದೋದು ಜೋರಾಯ್ತಾ?" ಎಂದು ಹುಡುಗಿಯೊಬ್ಬಳು ಕೇಳಿದಾಗ, "ಜೋರಲ್ಲ ಕಣೇ, ಬೇಗ ಆಯ್ತು" ಎಂದು ಪರೀಕ್ಷೆ ಬರೆಯಬೇಕಾದ ವಿದ್ಯಾರ್ಥಿನಿ ತಿದ್ದಿದ್ದು ನನಗೆ ಬಹಳ ಮೆಚ್ಚಿಗೆಯಾದ ಮಾತು. ಹೀಗೆ ತಿದ್ದುವ ಸಲುಗೆ ಮೂರು ಗಂಟೆಯ ಪರೀಕ್ಷೆಯ ನಡುವೆ ಹುಟ್ಟುವುದಿಲ್ಲ.

ಇನ್ನೊಂದು ಅಧ್ಯಾಯವನ್ನೂ ಓದಿಸುತ್ತೇನೆ. ಬಾಲಕಿಯಾಗಿದ್ದಾಗ ಹೆಲನ್ ಬರೆದ ಕತೆಯೊಂದು ಬೇರೆಯವರ ಕತೆಯನ್ನು ಹೋಲುತ್ತಿದ್ದುದರಿಂದ, ಆ್ಯನ್ ಅವರನ್ನು ಹೊರಗೆ ಕಳುಹಿಸಿ ಆ ಪುಟ್ಟ ಹುಡುಗಿಯೊಬ್ಬಳನ್ನೇ ವಿಚಾರಣೆಗೆ ಗುರಿಮಾಡಲಾಯಿತು. ಆಮೇಲೆ ಬಹುಕಾಲ, ತಾನು ಬರೆಯುತ್ತಿರುವ ವಾಕ್ಯ ತನ್ನದೇ ಹೌದೇ ಎಂಬ ಅಳುಕು ಅವರನ್ನು ಕಾಡಿತು. ಉತ್ತರವನ್ನು ಸ್ವಲ್ಪ ಚಂದಗೊಳಿಸಿ ಬರೆದರೆ ಉಪಕಾರವಲ್ಲವೇ ಎಂದು ಸ್ಕ್ರೈಬ್‌ಗಳು ಒಳ್ಳೆಯ ಮನಸ್ಸಿನಿಂದಲೇ ಕೇಳುವುದುಂಟು. ಆ ಅಧ್ಯಾಯವನ್ನು ಓದಿದವರು ಕೇಳುವುದಿಲ್ಲ. ವಾಕ್ಯ ಅರ್ಧಕ್ಕೆ ನಿಂತರೆ ಅವರು ಪೆನ್ನನ್ನೂ ನಿಲ್ಲಿಸಿ, ಬರೆದಷ್ಟನ್ನು ಮತ್ತೆ ಓದಿ ಹೇಳಿ, ವಿದ್ಯಾರ್ಥಿಯೇ ಅದನ್ನು ಮುಗಿಸಲೆಂದು ಕಾಯುತ್ತಾರೆ.