ಅದ್ಯಾರಪ್ಪ ಆ ಜ್ಯಾಕ್?

ಇಷ್ಟದ ನಟ ಯಾರು ಅಂದರೆ ನಾನು ಜ್ಯಾಕ್ ಫ್ಯೆಲ್ಡ್‌ಸ್ಟಾಡ್ ಅನ್ನುತ್ತೇನೆ. ಮರುಕ್ಷಣವೇ "ಅದ್ಯಾರಪ್ಪ?" ಅಂತ ಬರುತ್ತದೆ. ಹೇಳಿ ಹೇಳಿ ಸಾಕಾಗಿದೆ. ಇನ್ನು ಮೇಲೆ ಯಾರು ಕೇಳಿದರೂ ಇದನ್ನೇ ಕಳಿಸುತ್ತೇನೆ, ಬೇಜಾರು ಮಾಡ್ಕೋಬೇಡಿ.

ನಾರ್ವೆಯ ನಟ. ಆರ್ನೆ ಸ್ಕೋವೆನ್ ನಿರ್ದೇಶಿಸಿದ 1957ರ 'ನೀ ಲೀವ್' ಸಿನಿಮಾದ ನಾಯಕ. ಒಂಬತ್ತು ಜೀವ ಅಂತ ಅರ್ಥ. ಆಸ್ಕರ್ ಸ್ಪರ್ಧೆಗೂ ಹೋಗಿತ್ತು, ಇಟಲಿಯ ನಿರ್ದೇಶಕ ಫೆಲಿನಿಯ ಸಿನಿಮಾ ಎದುರು ಸೋತಿತು. ನೀವು ಕೇಳಿಲ್ಲ ಅನ್ನೋದು ಅವನ ತಪ್ಪೇನಲ್ಲ.

ಹೋದ ವರ್ಷ ಒಂದು ಗೃಹಪ್ರವೇಶದ ಊಟಕ್ಕೆ ಕೂತಿದ್ದೆ. ಪಕ್ಕದಲ್ಲಿ ಆ ಮನೆಯ ಅಳಿಯ. ಎಡಗೈಯಲ್ಲೇ ಮೊಬೈಲ್ ಒತ್ತಿ ಫೋಟೊ ಹುಡುಕಿದರು. "ಇವನಾ? ಬ್ಯಾಂಕ್ ಮ್ಯಾನೇಜರ್ ಥರ ಇದ್ದಾನಲ್ರೀ! ಫೈಟ್ ಇದೆಯಾ?"

ಇದೇ ನನಗೆ ಉರಿಯೋದು. ಯುದ್ಧದ ಸಿನಿಮಾ ಅಂದ ಕೂಡಲೇ ಫೈಟ್!

ಕಥೆ ನಿಜವಾಗಿ ನಡೆದದ್ದು. 1943ರ ಮಾರ್ಚ್‌ನಲ್ಲಿ, ನಾರ್ವೆಯನ್ನು ಆಕ್ರಮಿಸಿದ್ದ ಜರ್ಮನ್ನರ ವಿರುದ್ಧ ಕೆಲಸ ಮಾಡಲು ಹನ್ನೆರಡು ಜನ ದೋಣಿಯಲ್ಲಿ ಉತ್ತರ ನಾರ್ವೆಗೆ ಬಂದರು. ಸುಳಿವು ಸಿಕ್ಕಿಬಿಟ್ಟಿತು. ಉಳಿದವನು ಒಬ್ಬನೇ, ಯಾನ್ ಬೋಲ್ಸ್‌ರುದ್. ಮಂಜುಗಡ್ಡೆಯಂಥ ನೀರಲ್ಲಿ ಈಜಿದ, ಹಿಮಪಾತಕ್ಕೆ ಸಿಕ್ಕಿದ, ಕಣ್ಣು ಕಾಣದಾಯಿತು. ಕೊಳೆಯುತ್ತಿದ್ದ ಕಾಲ್ಬೆರಳುಗಳನ್ನು ತಾನೇ ಕತ್ತರಿಸಿಕೊಂಡ. ಆಮೇಲೆ ನಡೆಯೋ ಮಾತೇ ಇಲ್ಲ. ಹಳ್ಳಿಯವರು ಅವನನ್ನು ಸ್ಲೆಡ್ ಗಾಡಿಗೆ ಬಿಗಿದು ಬೆಟ್ಟಕ್ಕೆ ಎಳೆದರು. ವಾರಗಟ್ಟಲೆ ಹಿಮದಲ್ಲೇ ಬಿದ್ದಿದ್ದ. ಕೊನೆಗೆ ಅಲ್ಲಿನ ಮೂಲನಿವಾಸಿಗಳಾದ ಸಾಮಿ ಜನ ಹಿಮಸಾರಂಗ ಕಟ್ಟಿ ಸ್ವೀಡನ್‌ಗೆ ದಾಟಿಸಿದರು.

ಈಗ ನಟನ ಪಾಡು ಯೋಚನೆ ಮಾಡಿ. ಮೊದಲರ್ಧ ಓಡುತ್ತಾನೆ. ಆಮೇಲೆ ಮೂಟೆ! ಕಂಬಳಿ, ಹಗ್ಗ, ಗಡ್ಡ, ಎರಡು ಕಣ್ಣು. ಬೇರೆಯವರು ಏದುಸಿರು ಬಿಡುತ್ತಾ ಎಳೀತಾರೆ, ಇವನು ಆಕಾಶ ನೋಡ್ತಾನೆ. ನಾಯಕನ ಹಾಗೆ ದವಡೆ ಬಿಗಿಯೋದಿಲ್ಲ. ತನ್ನಿಂದ ಇಷ್ಟು ಜನರ ಪ್ರಾಣಕ್ಕೆ ಅಪಾಯ ಅನ್ನುವ ಸಂಕೋಚ ಆ ಮುಖದಲ್ಲಿ ಕಾಣುತ್ತದೆ. ಕಾಯಿಲೆ ಬಿದ್ದು ಮಕ್ಕಳ ಕೈಲಿ ಚಾಕರಿ ಮಾಡಿಸಿಕೊಳ್ಳುವ ಅಪ್ಪಂದಿರ ಮುಖದಲ್ಲಿ ನೀವೂ ಅದನ್ನು ನೋಡಿರ್ತೀರಿ.

"ಯಾರು" ಅಂತ ಕೇಳೋ ಬದಲು, ಆ ಪಾತ್ರ ಮಾಡೋಕೆ ಅವನಿಗೆ ಧೈರ್ಯ ಹೇಗೆ ಬಂತು ಅಂತ ಯಾರಾದರೂ ಕೇಳಬಾರದೇ? ಕಥೆ ನಡೆದು ಹದಿನಾಲ್ಕೇ ವರ್ಷ ಆಗಿತ್ತು. ಬೋಲ್ಸ್‌ರುದ್ ಬದುಕಿದ್ದ, ಸತ್ತಿದ್ದು 1988ರಲ್ಲಿ. ಟಿಕೆಟ್ ತಗೊಂಡು ಬಂದವರೂ ಯುದ್ಧ ಕಂಡವರೇ. ಈ ಸಿನಿಮಾಕ್ಕೆ ಮೂರು ವರ್ಷ ಮೊದಲಷ್ಟೇ ಇನ್ನೊಂದು ನಾರ್ವೆ ಸಿನಿಮಾದಲ್ಲಿ, ಯುದ್ಧದಲ್ಲಿ ದೋಣಿ ನಡೆಸಿದ್ದ ಲೇಫ್ ಲಾರ್ಸೆನ್ ತನ್ನ ಪಾತ್ರ ತಾನೇ ಮಾಡಿದ್ದ. ಅಂಥ ಊರಲ್ಲಿ ಸುಳ್ಳು ನಟನೆ ನಡೆಯುತ್ತಾ?

ಇಷ್ಟನ್ನೂ ಆ ಅಳಿಯನಿಗೆ ಹೇಳಿದೆ. ನನ್ನೆಲೆಯ ಸಾರು ಆರಿಹೋಗಿತ್ತು.

"ಅಷ್ಟು ಹೊತ್ತೂ ಮಲಗೇ ಇರ್ತಾನಾ?" ಅಂದರು.

"ಹೂಂ."

"ಅಷ್ಟೇ ಆದ್ರೆ ನಾನೂ ಮಾಡ್ತೀನಿ ಬಿಡಿ" ಅಂತ ಪಾಯಸಕ್ಕೆ ಲೋಟ ಚಾಚಿದರು.