ಮೇಗ್ರೆಯಾಗಿ ಮನೆಮಾತಾದ ಬ್ರೂನೋ ಕ್ರೆಮೆರ್

1929ರಲ್ಲಿ ಪ್ಯಾರಿಸ್ ಪಕ್ಕದ ಸೇಂ-ಮಾಂದೆಯಲ್ಲಿ ಹುಟ್ಟಿದ ಬ್ರೂನೋ ಕ್ರೆಮೆರ್ ರಂಗಭೂಮಿಯಲ್ಲಿ ಪಳಗಿ ಸಿನಿಮಾಕ್ಕೆ ಬಂದವರು. ಇಂಡೋಚೈನಾದ ಕಾಡಿನಲ್ಲಿ ಹಿಮ್ಮೆಟ್ಟುವ ಫ್ರೆಂಚ್ ತುಕಡಿಯೊಂದರ ಕಥೆಯಾದ 1965ರ ಚಿತ್ರದಲ್ಲಿ, ನುರಿತ ಯೋಧ ವಿಲ್ಸ್‌ಡಾರ್ಫ್‌ನ ಪಾತ್ರದಿಂದ ಅವರು ಗಮನ ಸೆಳೆದರು. ಆದರೆ ಮನೆಮಾತಾದದ್ದು ಅರವತ್ತು ದಾಟಿದ ಮೇಲೆ, 1991ರಿಂದ 2005ರವರೆಗೆ ಟಿವಿಯ 54 ಕಂತುಗಳಲ್ಲಿ ಪತ್ತೇದಾರ ಪೊಲೀಸ್ ಅಧಿಕಾರಿ ಮೇಗ್ರೆಯಾಗಿ ನಟಿಸಿದಾಗ. ದಪ್ಪ ಓವರ್‌ಕೋಟು, ಹ್ಯಾಟು, ಬಾಯಲ್ಲಿ ಪೈಪು. ಶಂಕಿತನ ಎದುರು ಕುಳಿತು, ಪ್ರಶ್ನೆಗಳಿಗಿಂತ ಹೆಚ್ಚಾಗಿ ತಮ್ಮ ಮೌನದಿಂದಲೇ ಅವನ ಬಾಯಿ ಬಿಡಿಸುವ ಆ ತಾಳ್ಮೆಯನ್ನು, ಗುಂಡಿನ ಸದ್ದನ್ನೇ ನೆಚ್ಚಿಕೊಂಡ ಇತರ ಪತ್ತೇದಾರಿ ಧಾರಾವಾಹಿಗಳಲ್ಲಿ ನಾನಂತೂ ಕಂಡಿಲ್ಲ. ಅನಾರೋಗ್ಯದಿಂದಾಗಿ ಕೊನೆಯ ಕಂತಿನಲ್ಲಿ ಅವರಿಗೆ ಬೇರೊಬ್ಬ ನಟ ದನಿ ನೀಡಬೇಕಾಯಿತು. 2010ರ ಆಗಸ್ಟ್‌ನಲ್ಲಿ ಕ್ರೆಮೆರ್ ಪ್ಯಾರಿಸ್‌ನಲ್ಲಿ ತೀರಿಕೊಂಡರು.