ಬಿಲ್ ಪಿಕೆಟ್‌ನ ಜಾಡು ಹಿಡಿದು ಒಕ್ಲಹೋಮಾದಲ್ಲಿ ಒಂದು ದಿನ

ಒಕ್ಲಹೋಮಾ ಸಿಟಿಯಿಂದ ಪೂರ್ವಕ್ಕೆ ಒಂದು ಗಂಟೆಗೂ ಹೆಚ್ಚು ಕಾರು ಓಡಿಸಿ ಬೋಲಿ ಎಂಬ ಪುಟ್ಟ ಊರಿಗೆ ನಾನು ಹೋದದ್ದು ಒಂದು ಮೂಕಿ ಚಿತ್ರದ ಸಲುವಾಗಿ. 1921ರಲ್ಲಿ ರಿಚರ್ಡ್ ನಾರ್ಮನ್ ಇಲ್ಲಿ ಚಿತ್ರೀಕರಿಸಿದ ‘ದಿ ಬುಲ್‌ಡಾಗರ್’ ಪೂರ್ತಿಯಾಗಿ ಉಳಿದಿಲ್ಲ. ಸಿಗುವುದು ಕೆಲವೇ ನಿಮಿಷಗಳ ತುಣುಕು. ಅದರಿಂದ ಕಥೆ ತಿಳಿಯುವುದಿಲ್ಲ, ತಿಳಿಯಬೇಕೆಂದು ನನಗೆ ಅನಿಸಲೂ ಇಲ್ಲ. ಅದರ ನಾಯಕ, ಐವತ್ತರ ವಯಸ್ಸಿನ ಬಿಲ್ ಪಿಕೆಟ್ ಎತ್ತಿನ ಕೊಂಬು ಹಿಡಿದು ಕತ್ತು ತಿರುಚಿ ಕೆಡಹುವುದನ್ನು ನೋಡಿದರೆ ಸಾಕು.

ಟೆಕ್ಸಾಸಿನಲ್ಲಿ ಹುಟ್ಟಿದ ಈ ಕಪ್ಪು ಕೌಬಾಯ್, ನಾಯಿಗಳು ದನದ ತುಟಿ ಕಚ್ಚಿ ಹಿಡಿಯುವುದನ್ನು ಹುಡುಗನಾಗಿದ್ದಾಗ ಕಂಡು, ಓಡುವ ಕುದುರೆಯಿಂದ ಎತ್ತಿನ ಮೇಲೆ ಹಾರಿ ತಾನೂ ಅದರ ತುಟಿಗೆ ಹಲ್ಲು ಹಾಕಿ ಉರುಳಿಸುವ ‘ಬುಲ್‌ಡಾಗಿಂಗ್’ ಪಟ್ಟು ಕಲಿತವನು. ಕೌಬಾಯ್‌ಗಳ ಸಾಹಸ ಸ್ಪರ್ಧೆಯಾದ ರೋಡಿಯೋದಲ್ಲಿ ಇಂದು ಕಚ್ಚುವುದಿಲ್ಲ, ಉಳಿದ ಪಟ್ಟು ಮಾತ್ರ ಅವನದೇ. ಕಪ್ಪು ಜನರಿಗೆ ಪ್ರವೇಶವಿಲ್ಲದ ಎಷ್ಟೋ ಸ್ಪರ್ಧೆಗಳಲ್ಲಿ ಅವನನ್ನು ಅಮೆರಿಕದ ಮೂಲನಿವಾಸಿಯೆಂದು ಹೇಳಿ ಇಳಿಸುತ್ತಿದ್ದರು. ನಾರ್ಮನ್ ಬಿಳಿಯನಾದರೂ ಅವನ ಚಿತ್ರ ಕಪ್ಪು ಪ್ರೇಕ್ಷಕರಿಗೆಂದೇ ತಯಾರಾದದ್ದರಿಂದ, ಅಲ್ಲಿ ಪಿಕೆಟ್ ವೇಷ ಮರೆಸಬೇಕಾಗಿರಲಿಲ್ಲ.

1903ರಲ್ಲಿ ಕಪ್ಪು ಜನರೇ ಕಟ್ಟಿಕೊಂಡ ಬೋಲಿಯ ಮುಖ್ಯ ಬೀದಿ ನಾನು ಹೋದ ಮಧ್ಯಾಹ್ನ ಖಾಲಿಯಾಗಿತ್ತು. ಇಲ್ಲಿನ ಬ್ಯಾಂಕಿಗೆ 1932ರಲ್ಲಿ ನುಗ್ಗಿದ ದರೋಡೆಕೋರರನ್ನು ಊರವರು ಗುಂಡು ಹಾರಿಸಿ ಎದುರಿಸಿದರು. ನಾರ್ಮನ್‌ಗೆ ಒಂದು ದಶಕ ಮೊದಲೇ ಇಂಥ ದೃಶ್ಯ ಸಿಕ್ಕಿದ್ದರೆ ಬಿಡುತ್ತಿರಲಿಲ್ಲ!

ಅಲ್ಲಿಂದ ಉತ್ತರಕ್ಕೆ ಎರಡು ಗಂಟೆಯ ದಾರಿ, ಪೊಂಕಾ ಸಿಟಿಯ ಕಡೆಗೆ. ಪಿಕೆಟ್ ದುಡಿದ, ಒಂದು ಕಾಲಕ್ಕೆ 1,10,000 ಎಕರೆ ವ್ಯಾಪಿಸಿದ್ದ, ದನ ಸಾಕುವ 101 ರ‍್ಯಾಂಚಿನ ಜಾಗದಲ್ಲಿ ಈಗ ಒಂದಿಷ್ಟು ಅಡಿಪಾಯದ ಕುರುಹು, ಒಂದು ಸ್ಮಾರಕ ಫಲಕ. ಈ ರ‍್ಯಾಂಚಿನ ಸಾಹಸ ಪ್ರದರ್ಶನ ತಂಡದೊಂದಿಗೇ ಅವನು 1908ರಲ್ಲಿ ಮೆಕ್ಸಿಕೋ ನಗರದ ಅಖಾಡಕ್ಕಿಳಿದು, ಕಾಳಗದ ಹೋರಿಯ ಕೊಂಬಿಗೆ ನಿಮಿಷಗಟ್ಟಲೆ ಜೋತುಬಿದ್ದು, ಮೈ ಹರಿಸಿಕೊಂಡು ಬದುಕಿ ಬಂದಿದ್ದ.

ಮಾರ್ಲಂಡ್ ಬಳಿಯ ಗುಡ್ಡದ ಮೇಲೆ, ಪೊಂಕಾ ಬುಡಕಟ್ಟಿನ ನಾಯಕ ವೈಟ್ ಈಗಲ್ ನೆನಪಿನ ಕಲ್ಲಿನ ಸ್ತಂಭದ ಹತ್ತಿರ ಪಿಕೆಟ್‌ನ ಸಮಾಧಿಯಿದೆ. 1932ರ ಏಪ್ರಿಲ್‌ನಲ್ಲಿ ಅವನ ಜೀವ ತೆಗೆದದ್ದು ಹೋರಿಯಲ್ಲ, ಕುದುರೆಯ ಒಂದು ಒದೆತ. 1994ರಲ್ಲಿ ಬಿಡುಗಡೆಗೆಂದು ಅವನ ಗೌರವಾರ್ಥ ಅಚ್ಚಾದ ಅಂಚೆಚೀಟಿಯ ಮೇಲೆ ಅವನ ತಮ್ಮ ಬೆನ್‌ನ ಮುಖ ಬಂದು, ಮತ್ತೆ ಅಚ್ಚು ಹಾಕಬೇಕಾಯಿತು. ಸಮಾಧಿಯ ಪಕ್ಕ ಕುಳಿತು ಫೋನಿನಲ್ಲಿ ಆ ತುಣುಕನ್ನು ಇನ್ನೊಮ್ಮೆ ಹಾಕಿದೆ. ಬಿಸಿಲಿಗೆ ಪರದೆ ಸರಿಯಾಗಿ ಕಾಣಲಿಲ್ಲ; ಟೋಪಿಯನ್ನು ಅಡ್ಡ ಹಿಡಿದಾಗ ಎತ್ತು ಆಗಲೇ ನೆಲಕ್ಕೆ ಬಿದ್ದಿತ್ತು.